ತಲೆಯೊಳಗಿನ ಐವತ್ತೈದು ದಿನಗಳು

೨೦೨೩ರ ನವೆಂಬರ್ ೪, ಶನಿವಾರ. ಆಧಾರ: ಆಸ್ಪತ್ರೆಯ ಬಿಡುಗಡೆ ಪತ್ರ, ಮೊದಲ ಪುಟ. ಅಂದು ಮಧ್ಯಾಹ್ನ ನನ್ನ ತಲೆಬುರುಡೆಯ ಬಲಭಾಗದಲ್ಲಿ ಎರಡು ರಂಧ್ರಗಳನ್ನು ಕೊರೆದು, ಮಿದುಳಿನ ಮೇಲೆ ಹನಿಹನಿಯಾಗಿ ಶೇಖರವಾಗಿದ್ದ ಹಳೆಯ ರಕ್ತವನ್ನು ಹೊರತೆಗೆಯಲಾಯಿತು. ಆ ರಕ್ತ ಅಲ್ಲಿ ಐವತ್ತೈದು ದಿನ ಇತ್ತು. ಈ ಸಂಖ್ಯೆ ಬಿಡುಗಡೆ ಪತ್ರದಲ್ಲಿಲ್ಲ. ಸೆಪ್ಟೆಂಬರ್ ೧೦ರಿಂದ ಎಣಿಸಿ ನಾನು ಕಂಡುಕೊಂಡದ್ದು. ಪತ್ರದಲ್ಲಿರುವುದು ‘ಕೆಲವು ವಾರಗಳ ಹಿಂದಿನ ಪೆಟ್ಟು’ ಎಂಬ ಮಾತು. ‘ಕೆಲವು’ ಎಂಬುದು ಲೆಕ್ಕವಲ್ಲ, ಲೆಕ್ಕ ಇಡದವರ ನೆಪ.

ನನಗೆ ಎಪ್ಪತ್ತೊಂದು ವರ್ಷ. ಹೊಸಪೇಟೆಯಲ್ಲಿ ನೆಲೆಸಿರುವ ನಿವೃತ್ತ ಇತಿಹಾಸ ಸಂಶೋಧಕ. ಎರಡನೆಯ ಮಹಾಯುದ್ಧದಲ್ಲಿ ಬ್ರಿಟಿಷರು ಕಟ್ಟಿದ ಕಮಾಂಡೋ ಪಡೆಗಳ ಬಗ್ಗೆ ಕನ್ನಡದಲ್ಲಿ ಒಂದು ಗ್ರಂಥ ಬರೆಯುವುದರಲ್ಲಿ ಹನ್ನೊಂದು ವರ್ಷ ಕಳೆದಿದ್ದೇನೆ. ಊರಿನವರಿಗೆ ಇದು ತಮಾಷೆ. ‘ಹಂಪಿ ಮನಿ ಬಾಗಲಾಗ ಅದ, ಇವರಿಗೆ ಇಂಗ್ಲಿಷರ ದಂಡು ಬೇಕಾಗ್ಯದ’ ಎಂದು ಆಡಿಕೊಳ್ಳುತ್ತಾರೆ. ಆ ದಂಡಿನ ಜೊತೆಗೆ ಬರ್ಮಾದ ಕರಾವಳಿಯ ಅರಾಕಾನಿನ ಕೆಸರಿಗೆ ಇಳಿದವರಲ್ಲಿ ಅಂದಿನ ಬಳ್ಳಾರಿ ಜಿಲ್ಲೆಯವರೂ ಇದ್ದರೇ ಎಂಬುದು ನನ್ನ ಪ್ರಶ್ನೆಯಾಗಿತ್ತು. ಆ ಪ್ರಶ್ನೆಯೇ ನನ್ನನ್ನು ಆಸ್ಪತ್ರೆಗೆ ಮುಟ್ಟಿಸಿತು ಎಂದರೆ ಅತಿಶಯೋಕ್ತಿಯಾಗದು.

ಈ ಬರಹಕ್ಕೆ ಎರಡು ಉದ್ದೇಶಗಳಿವೆ. ತಲೆಗೆ ಸಣ್ಣ ಪೆಟ್ಟು ಬಿದ್ದು, ವಾರಗಳ ಮೇಲೆ ಮಾತು ತಡವರಿಸಿ, ಕಾಲು ಎಳೆದು, ‘ವಯಸ್ಸಾಯಿತು’ ಎಂಬ ಒಂದೇ ಉತ್ತರವನ್ನು ಎಲ್ಲರಿಂದಲೂ ಕೇಳಿಸಿಕೊಳ್ಳುತ್ತಿರುವವರು ಇದ್ದಾರೆ. ಅವರು ಒಬ್ಬಂಟಿಗರಲ್ಲವೆಂದು ತಿಳಿಸುವುದು ಮೊದಲನೆಯದು. ಎರಡನೆಯದು ದೂರು. ನನ್ನನ್ನು ಮೊದಲು ನೋಡಿದ ಹೊಸಪೇಟೆಯ ವೈದ್ಯರ ಮೇಲೆ ನಾನು ಲಿಖಿತ ದೂರು ಸಿದ್ಧಪಡಿಸಿದ್ದೇನೆ; ಈ ಕಥನ ಅದರ ಅನುಬಂಧ. ದೂರು ನಿಂತಿರುವುದು ಒಂದೇ ಸಂಗತಿಯ ಮೇಲೆ. ತಲೆಗೆ ಪೆಟ್ಟಾಗಿದೆಯೆಂದು ಆ ವೈದ್ಯರಿಗೆ ನಾನು ಹೇಳಿದೆ, ಅವರು ಲಕ್ಷ್ಯ ಕೊಡಲಿಲ್ಲ. ಪಕ್ಕದಲ್ಲಿ ಕುಳಿತಿದ್ದ ನನ್ನ ಹೆಂಡತಿ ಇಂದಿರಾ ಒಂದು ಮಾತೂ ಆಡಲಿಲ್ಲ.

ಪೆಟ್ಟಿನಿಂದ ಆರಂಭಿಸುತ್ತೇನೆ.

ಸೆಪ್ಟೆಂಬರ್ ೧೦, ಭಾನುವಾರ ಹಂಪಿಗೆ ಹೋಗಿದ್ದೆ. ಬಾಳೆತೋಟಗಳ ಅಂಚಿನಲ್ಲಿ ಮೂರು ಕೋಣೆಗಳ ಅತಿಥಿಗೃಹ ನಡೆಸುವ ಯಂಕೋಬನಿಗೆ ಅವನ ತಾತನ ಛಾಯಾಚಿತ್ರವನ್ನು ಹಿಂದಿರುಗಿಸಬೇಕಾಗಿತ್ತು. ತಾತ ಹನುಮಂತಪ್ಪ, ಸಂಡೂರು ತಾಲ್ಲೂಕಿನ ಚೋರನೂರಿನವರು. ಯುದ್ಧಕಾಲದಲ್ಲಿ ಸ್ಯಾಪರ್, ಅಂದರೆ ಸೇನೆಗೆ ದಾರಿ, ಸೇತುವೆ ಕಟ್ಟುವ ತುಕಡಿಯ ಸಿಪಾಯಿ. ಅವರು ಬದುಕಿದ್ದಾಗ ಅವರ ಮಾತುಗಳನ್ನು ಮೂರು ಕ್ಯಾಸೆಟ್ಟುಗಳಲ್ಲಿ ದಾಖಲಿಸಿಕೊಂಡಿದ್ದೆ. ೧೯೪೫ರ ಜನವರಿ ೨೨ರಂದು ಕಮಾಂಡೋಗಳು ಅರಾಕಾನಿನ ಕಂಗಾವ್ ಬಳಿ ದೋಣಿಗಳಲ್ಲಿ ಹಿನ್ನೀರಿನ ಕಾಲುವೆಗಳನ್ನು ಹಾದು ಇಳಿದರು. ಅಲ್ಲಿನ ೧೭೦ ಎಂಬ ಸಂಖ್ಯೆಯ ಗುಡ್ಡವನ್ನು ಅದೇ ತಿಂಗಳ ೩೧ರಂದು ಜಪಾನೀಯರ ಸತತ ದಾಳಿಯೆದುರು ಬಿಟ್ಟುಕೊಡದೆ ಹಿಡಿದುಕೊಂಡರು. ಆ ದಿನ ಗುಡ್ಡದ ಬುಡದಿಂದ ಗಾಯಾಳುಗಳನ್ನು ಹೊತ್ತು ದೋಣಿಗೆ ಸಾಗಿಸಿದವರಲ್ಲಿ ತಾನೂ ಇದ್ದೆ ಎಂಬುದು ಹನುಮಂತಪ್ಪನವರ ಹೇಳಿಕೆ. ಅವರ ತುಕಡಿಯ ಯುದ್ಧ ದಿನಚರಿಯ ಪ್ರತಿಯ ಪ್ರಕಾರ ಅಂದು ಆ ತುಕಡಿ ಬೇರೆಡೆ ಇತ್ತು. ಅದನ್ನೇ ಅಡಿಟಿಪ್ಪಣಿಯಲ್ಲಿ ಬರೆದೆ.

ಯಂಕೋಬ ಚಹಾ ಕೊಟ್ಟು ಎದುರಿಗೆ ಕುಳಿತ.

“ಸರ, ನಮ್ಮ ತಾತನ ಬಗ್ಗೆ ಏನ್ ಬರದೀರಿ, ಅದನ್ನ ಓದಿ ಹೇಳ್ರಿ.”

ಓದಿದೆ. ‘ಈ ಹೇಳಿಕೆಗೆ ಸಮಕಾಲೀನ ದಾಖಲೆಯ ಬೆಂಬಲವಿಲ್ಲ.’

“ಅಂದ್ರ ಸುಳ್ಳು ಅಂದಂಗಾತು.”

“ಸುಳ್ಳು ಅಂದಿಲ್ಲಪ. ಬೆಂಬಲ ಇಲ್ಲ ಅಂದೀನಿ.”

“ಚೋರನೂರಾಗ ಹಂಗ ತಿಳಕಳಂಗಿಲ್ರಿ. ಅಡಿಟಿಪ್ಪಣಿ ಅಂದ್ರೇನು ಅಂತ ಅಲ್ಲಿ ಯಾರಿಗೂ ಗೊತ್ತಿಲ್ಲ. ಮುದುಕ ಸುಳ್ಳು ಹೇಳಿದ್ನಂತ, ಪುಸ್ತಕದಾಗ ಬಂದೈತಂತ, ಅಷ್ಟ ಊರ ತುಂಬಾ ಆಕೈತಿ. ಗುಂಡಿನ ಚೂರು ಸಾಯೂ ಮಟ ಅವನ ಕಾಲಾಗಿತ್ತು. ಅದು ಬೆಂಬಲ ಅಲ್ಲೇನ್ರಿ?”

“ಯಾವ ಊರಾಗ ಹೊಕ್ಕಿತು ಅಂತ ಆ ಚೂರಿನ ಮ್ಯಾಲ ಬರದಿತ್ತೇನು?”

ಇದು ಹೇಳಬಾರದ ಮಾತು. ಹೇಳಿದೆ. ಯಂಕೋಬ ಛಾಯಾಚಿತ್ರವನ್ನು ನನ್ನ ಕೈಯಿಂದ ಕಿತ್ತುಕೊಳ್ಳಲಿಲ್ಲ; ನಾನು ಮೇಜಿನ ಮೇಲಿಡುವವರೆಗೆ ಕಾದು, ಆಮೇಲೆ ತೆಗೆದುಕೊಂಡ. ಅದರಿಂದ ನನ್ನ ಸಿಟ್ಟು ಇನ್ನೂ ಏರಿತು. ದಡಕ್ಕನೆ ಎದ್ದು ಹೊರಟೆ. ಆ ಮನೆಯ ಹಳೆಯ ಬಾಗಿಲು ಗಿಡ್ಡ. “ತಗ್ಗಿ ಬರ್ರಿ ಸರ” ಎಂಬ ಮಾತು ಕಿವಿಗೆ ಬೀಳುವಷ್ಟರಲ್ಲಿ ಬಾಗಿಲ ಮೇಲಿನ ಕಲ್ಲು ತಲೆಯ ಬಲಭಾಗಕ್ಕೆ ಬಡಿದಿತ್ತು. ರಕ್ತ ಬರಲಿಲ್ಲ. ಯಂಕೋಬ ತಂಪು ನೀರಿನ ಬಾಟಲಿ ತಂದು ತಲೆಗೆ ಒತ್ತಿದ. ಅವನ ಉಪಕಾರ ಬೇಡವೆನಿಸಿ ಬಾಟಲಿಯನ್ನು ತಳ್ಳಿ ಆಟೋ ಹತ್ತಿದೆ.

ಸಂಜೆ ಇಂದಿರಾ ಬಾವು ನೋಡಿದಳು. “ಇದೇನ್ರಿ, ಬಾರಿಹಣ್ಣಿನಷ್ಟು ಊದ್ಯದಲ್ಲ” ಎಂದಳು. ಬಾಗಿಲು ತಾಗಿತೆಂದು ಹೇಳಿದೆ. ಎಲ್ಲಿ ಎಂದಳು. ಹಂಪಿಯಲ್ಲಿ ಎಂದೆ. ಹೀಗೆ ಅವಳಿಗೆ ಎಲ್ಲವೂ ಗೊತ್ತಿತ್ತು.

ಫ್ರಾನ್ಸಿನ ಸೇಂಟ್ ನಜೇರ್ ಬಂದರಿನ ಮೇಲೆ ಕಮಾಂಡೋಗಳು ದಾಳಿಯಿಟ್ಟದ್ದು ೧೯೪೨ರ ಮಾರ್ಚ್ ೨೮ರಂದು. ಮೂತಿಯಲ್ಲಿ ಸಿಡಿಮದ್ದು ತುಂಬಿದ ಹಳೆಯ ಯುದ್ಧನೌಕೆಯೊಂದನ್ನು ಹಡಗುಕಟ್ಟೆಯ ದೊಡ್ಡ ಬಾಗಿಲಿಗೆ ಗುದ್ದಿಸಿದರು. ಗುದ್ದಿದಾಗ ಅದು ಸಿಡಿಯಲಿಲ್ಲ. ಬಂದರನ್ನು ಕಾಯುತ್ತಿದ್ದ ಜರ್ಮನ್ನರು ಅಪಾಯ ಕಳೆಯಿತೆಂದು ಹಡಗನ್ನು ಹತ್ತಿ ಅಡ್ಡಾಡಿದರು. ಅದು ಸಿಡಿದದ್ದು ಹಗಲಾಗಿ ಗಂಟೆಗಳು ಕಳೆದ ಮೇಲೆ. ಸ್ಫೋಟದ ಸರಿಯಾದ ಸಮಯದ ಬಗ್ಗೆ ಆಕರಗಳು ಒಮ್ಮತಕ್ಕೆ ಬರುವುದಿಲ್ಲ. ನನ್ನ ಪುಸ್ತಕದ ಐದನೆಯ ಅಧ್ಯಾಯ ಇದೇ. ಮದ್ದು ಒಳಗಿರುವಾಗ ಹೊರಗಿನ ನಿಶ್ಶಬ್ದವನ್ನು ನಂಬಬಾರದು ಎಂದು ಅದರಲ್ಲಿ ನಾನೇ ಬರೆದಿದ್ದೇನೆ. ಆ ಅಧ್ಯಾಯದ ಕರಡಚ್ಚನ್ನು ತಿದ್ದುತ್ತ, ಆಗಾಗ ಹಣೆ ಒತ್ತಿಕೊಳ್ಳುತ್ತ, ಇಡೀ ಸೆಪ್ಟೆಂಬರ್ ಕಳೆದೆ. ತಲೆನೋವಿಗೆ ಕನ್ನಡಕ ಹಳೆಯದಾದದ್ದೇ ಕಾರಣವೆಂದುಕೊಂಡೆ.

ಅಕ್ಟೋಬರ್ ೮ರ ಬೆಳಿಗ್ಗೆ ಸಂಧ್ಯಾವಂದನೆಗೆ ಕುಳಿತಿದ್ದೆ. ಸಂಕಲ್ಪದಲ್ಲಿ ಅಂದಿನ ಸಂವತ್ಸರ, ಮಾಸ, ಪಕ್ಷ, ತಿಥಿ, ವಾರಗಳನ್ನು ಹೇಳಬೇಕು. ಉಪನಯನವಾದಂದಿನಿಂದ ಪ್ರತಿದಿನ ಹೇಳುತ್ತ ಬಂದ ವಾಕ್ಯ. ನಾನು ಇತಿಹಾಸಕಾರನಾದದ್ದೇ ಆ ವಾಕ್ಯದಿಂದ ಎಂದು ವಿದ್ಯಾರ್ಥಿಗಳಿಗೆ ಹೇಳುತ್ತಿದ್ದೆ. ಅಂದು ಸಂವತ್ಸರದ ಹೆಸರಿನಲ್ಲಿ ನಿಂತೆ. ಹೆಸರು ಬರಲಿಲ್ಲ. ಅಂಗೈಯಲ್ಲಿ ಹಿಡಿದ ನೀರು ಬೆರಳುಗಳ ನಡುವೆ ಸೋರಿ ಹೋಗುವವರೆಗೂ ಬರಲಿಲ್ಲ. ಮತ್ತೆ ನೀರು ತೆಗೆದುಕೊಂಡೆ. ಮತ್ತೆ ಸೋರಿತು. ಅಡುಗೆಮನೆಯಿಂದ ಇಂದಿರಾ ‘ಶೋಭಕೃತ್’ ಎಂದಳು. ಅವಳ ದನಿಯಲ್ಲಿ ಏನೂ ವಿಶೇಷವಿರಲಿಲ್ಲ. ಅದೇ ನನ್ನನ್ನು ಹೆದರಿಸಿತು. ಎಷ್ಟೋ ದಿನಗಳಿಂದ ಹೀಗೆ ಎತ್ತಿಕೊಡುತ್ತಿರುವವಳ ದನಿ ಅದಾಗಿತ್ತು.

ಎಂಟು ದಿನಗಳ ಮೇಲೆ, ಅಕ್ಟೋಬರ್ ೧೬, ಸೋಮವಾರ, ಅವಳು ನನ್ನನ್ನು ವೈದ್ಯರಲ್ಲಿಗೆ ಕರೆದೊಯ್ದಳು. ಎಡಗಾಲಿನ ಚಪ್ಪಲಿ ನಡೆಯುವಾಗಲೇ ಕಳಚಿ ಹಿಂದೆ ಉಳಿಯತೊಡಗಿತ್ತು. ಕಾಯುವ ಕೋಣೆಯಲ್ಲಿ ನಮ್ಮ ಟೋಕನ್ ಮೂವತ್ತೆರಡು, ಒಳಗೆ ಹೋಗಿದ್ದವರದು ಒಂಬತ್ತು. ಟಿ.ವಿ.ಯಲ್ಲಿ ಯಾರೋ ಸೊಪ್ಪಿನ ಸಾರು ಮಾಡುತ್ತಿದ್ದರು. ಎರಡೂವರೆ ಗಂಟೆಯ ಮೇಲೆ ನಮ್ಮ ಸರದಿ ಬಂತು.

ವೈದ್ಯರು ಮೂವತ್ತೈದು ದಾಟದವರು. ಫೋನಿನ ಪರದೆಯ ಮೇಲೆ ಕಣ್ಣಿಟ್ಟೇ ಕೇಳಿದರು.

“ಇವತ್ತು ಯಾವ ವಾರ, ಯಜಮಾನ್ರೆ?”

“ಸೋಮವಾರ.”

“ತಿಂಗಳು?”

“ಅಕ್ಟೋಬರ್.”

“ಯಾವ ಇಸವಿ?”

“ಸಾವಿರದ ಒಂಬೈನೂರ ನಲವತ್ತೈದು.”

ಬೆಳಗಿನ ತನಕ ಕಂಗಾವ್ ಅಧ್ಯಾಯವನ್ನು ತಿದ್ದುತ್ತಿದ್ದವನ ಬಾಯಿಗೆ ಬಂದ ಇಸವಿ ಅದು. ತಕ್ಷಣವೇ ತಿದ್ದಿಕೊಂಡೆ. ಆದರೆ ಅಷ್ಟರಲ್ಲಿ ವೈದ್ಯರು ನಕ್ಕಾಗಿತ್ತು. ಗೇಲಿಯ ನಗುವಲ್ಲ, ಮಕ್ಕಳನ್ನು ಕಂಡಾಗ ನಗುವಂಥದು. ಗೇಲಿಯಾಗಿದ್ದರೆ ಕ್ಷಮಿಸುತ್ತಿದ್ದೆ. ಆಮೇಲಿನ ಮಾತುಗಳನ್ನೆಲ್ಲ ಅವರು ಇಂದಿರಾಳಿಗೇ ಹೇಳಿದರು. “ಏಜ್ ಆತಲ್ರಿ ಅಮ್ಮಾರೆ. ಓದೂದು ಕಮ್ಮಿ ಮಾಡಸ್ರಿ. ಗುಳಿಗಿ ಬರಕೊಡ್ತೀನಿ, ನಿದ್ದಿ ಚೊಲೊ ಬರ್ತದ.” ನಾನು ಅಲ್ಲೇ ಕುಳಿತಿದ್ದೆ. ಒಬ್ಬ ಮನುಷ್ಯ ಎದುರಿಗಿರುವಾಗಲೇ ಅವನ ಬಗ್ಗೆ ಪ್ರಥಮ ಪುರುಷದಲ್ಲಿ ಮಾತಾಡುವುದನ್ನು ಯಾವ ವೈದ್ಯಕೀಯ ಕಾಲೇಜಿನಲ್ಲಿ ಕಲಿಸುತ್ತಾರೆ?

ತಲೆಗೆ ಪೆಟ್ಟಾಗಿದೆ ಎಂದು ನಾನು ಹೇಳಿದೆ. ಈ ವಾಕ್ಯವನ್ನು ಪ್ರಜ್ಞಾಪೂರ್ವಕವಾಗಿ, ದಿನಾಂಕ ಸಹಿತ ಬರೆಯುತ್ತಿದ್ದೇನೆ. ‘ಸೆಪ್ಟೆಂಬರ್ ಹತ್ತನೇ ತಾರೀಖು, ಹಂಪಿಯಲ್ಲಿ, ಬಲಭಾಗಕ್ಕೆ’ ಎಂದು ಹೇಳಿದ ನನ್ನ ದನಿ ಈಗಲೂ ನನ್ನ ಕಿವಿಯಲ್ಲಿದೆ. ವೈದ್ಯರು ತಲೆಯೆತ್ತಲಿಲ್ಲ. ಇಂದಿರಾ ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತ, ಬಿಚ್ಚುತ್ತ, ಸುಮ್ಮನೆ ಕುಳಿತಿದ್ದಳು. ವೈದ್ಯರು ಬರೆದುಕೊಂಡ ಹಾಳೆ ಅವರ ಕಡತದಲ್ಲೇ ಉಳಿಯಿತು. ನಮ್ಮ ಕೈಗೆ ಬಂದದ್ದು ಗುಳಿಗೆಗಳ ಚೀಟಿ ಮಾತ್ರ. ಸೆರೆಸಿಕ್ಕ ಕಮಾಂಡೋಗಳು ಸಮವಸ್ತ್ರದಲ್ಲಿದ್ದರೂ ಸರಿಯೆ, ಅವರನ್ನು ಕೊಲ್ಲಬೇಕೆಂದು ಜರ್ಮನಿಯ ಸರ್ವಾಧಿಕಾರಿ ೧೯೪೨ರ ಅಕ್ಟೋಬರ್ ೧೮ರಂದು ಹೊರಡಿಸಿದ ಆದೇಶ ಗುಪ್ತವಾಗಿತ್ತು. ತಾನು ಯಾವ ಕಾಗದದ ಬಲದಿಂದ ಸಾಯುತ್ತಿದ್ದೇನೆಂದು ಸಾಯುವವನಿಗೆ ತಿಳಿದಿರಲಿಲ್ಲ. ಹೋಲಿಕೆ ಅತಿಯಾಯಿತೆಂದು ಬಲ್ಲೆ. ಅಳಿಸುವುದಿಲ್ಲ.

ಗುಳಿಗೆ ನುಂಗಿದೆ. ನಿದ್ದೆ ಬಂತು, ಹಗಲೂ ಬಂತು. ಮಗಳು ಮಾಲತಿ ಕಂಪ್ಲಿಯಲ್ಲಿ ಪ್ರೌಢಶಾಲೆಯ ಶಿಕ್ಷಕಿ. ವಾರಕ್ಕೊಮ್ಮೆ ಬರುತ್ತಿದ್ದವಳು ದಿನ ಬಿಟ್ಟು ದಿನ ಬರತೊಡಗಿದಳು. ತಾಯಿ ಮಗಳು ಅಡುಗೆಮನೆಯಲ್ಲಿ ಪಿಸುಗುಡುವರು. ನಾನು ಹೊಸ್ತಿಲಿಗೆ ಬಂದರೆ ಪಾತ್ರೆ ಸದ್ದು ಜೋರಾಗುವುದು. ಅಕ್ಟೋಬರ್ ೨೬ರಂದು ಮೇಜಿನ ಮೇಲಿನ ಕರಡಚ್ಚಿನ ಕಟ್ಟು ಕಾಣಲಿಲ್ಲ.

“ನಾ ಕೊಟ್ಟೀನಪ್ಪಾ” ಎಂದಳು ಮಾಲತಿ. “ನಿಮ್ಮ ಹಳೇ ವಿದ್ಯಾರ್ಥಿ ಒಬ್ಬರಿಗೆ. ಅವರು ನೋಡಿಕೊಡ್ತಾರಂತ.”

“ಯಾರನ್ನ ಕೇಳಿ ಕೊಟ್ಟಿ?”

“ಸ್ವಲ್ಪ ದಿನ ಇರಲಿ ಬಿಡ್ರಿ.”

“ನನ್ನ ಪುಸ್ತಕ ಅದು.”

ಅವಳು ನನ್ನ ಎಡಗಾಲನ್ನು ನೋಡುತ್ತಿದ್ದಳು. ಅದರ ಚಪ್ಪಲಿ ಹಿಂದಿನ ಕೋಣೆಯಲ್ಲೇ ಉಳಿದಿತ್ತು.

ಕಮಾಂಡೋ ಪಡೆಗಳಲ್ಲಿ ಅತಿ ದೊಡ್ಡ ಶಿಕ್ಷೆಯೆಂದರೆ ಮೂಲ ತುಕಡಿಗೆ ವಾಪಸ್ ಕಳಿಸುವುದು. ೧೯೪೦ರ ಜೂನ್‌ನಲ್ಲಿ, ಡನ್‌ಕರ್ಕ್‌ನಿಂದ ಬ್ರಿಟಿಷ್ ಸೇನೆ ಜರ್ಮನ್ನರೆದುರು ಹಿಮ್ಮೆಟ್ಟಿ ಬಂದ ಅವಮಾನದ ನಡುವೆ, ಸ್ವಇಚ್ಛೆಯಿಂದ ಮುಂದೆ ಬಂದವರನ್ನೇ ಆರಿಸಿ ಕಟ್ಟಿದ ಪಡೆಗಳವು. ಅಂಥವನನ್ನು ಬಡಿಯಬೇಕಿಲ್ಲ, ಕೂಡಿಹಾಕಬೇಕಿಲ್ಲ. ‘ನೀನು ಬೇಡ’ ಎಂದರೆ ಮುಗಿಯಿತು. ಮರುದಿನ ಗಂಟು ಕಟ್ಟಿಕೊಂಡು ರೈಲು ಹತ್ತಬೇಕು. ಕಾರಣ ಕೇಳುವ ಹಕ್ಕಿಲ್ಲ. ಪುಸ್ತಕದಲ್ಲಿ ಈ ಸಾಲನ್ನು ಬರೆದಾಗ ಅದರ ಅರ್ಥ ನನಗೆ ತಿಳಿದಿರಲಿಲ್ಲ. ಅಕ್ಟೋಬರ್ ೨೬ರಂದು, ನನ್ನದೇ ಮನೆಯಲ್ಲಿ, ಖಾಲಿ ಮೇಜಿನ ಎದುರು ತಿಳಿಯಿತು.

ಕರಡಚ್ಚನ್ನು ಏಕೆ ಒಯ್ದರೆಂಬುದು ಡಿಸೆಂಬರಿನಲ್ಲಿ ಗೊತ್ತಾಯಿತು. ಮಾಲತಿ ಆ ಹಾಳೆಗಳನ್ನು ತಂದು ತೋರಿಸಿದಳು. ಅಚ್ಚಿನಲ್ಲಿ ಸರಿಯಾಗಿದ್ದ ೧೯೪೨ನ್ನು ನಾನು ಕೆಂಪು ಶಾಯಿಯಲ್ಲಿ ೧೯೨೪ ಎಂದು ತಿದ್ದಿದ್ದೆ, ಒಂದೆಡೆಯಲ್ಲ, ಅಧ್ಯಾಯದುದ್ದಕ್ಕೂ. ಅಂಚಿನಲ್ಲಿ ಅಚ್ಚಿನವರಿಗೆ ಬೈಗುಳ ಬೇರೆ. ಅಕ್ಷರ ನನ್ನದೇ, ಅನುಮಾನವಿಲ್ಲ. ಆದರೂ ಕೇಳುತ್ತೇನೆ: ಆಗಲೇ ಏಕೆ ನನಗೆ ತೋರಿಸಲಿಲ್ಲ? ತನ್ನ ತಲೆ ಕೆಡುತ್ತಿದೆಯೆಂದು ತಿಳಿಯುವ ಹಕ್ಕು ಆ ತಲೆಯ ಯಜಮಾನನಿಗೆ ಇಲ್ಲವೆ?

ನವೆಂಬರ್ ೩ರಂದು ಬಚ್ಚಲಲ್ಲಿ ಬಿದ್ದೆ. ಇದು ನನಗೆ ಪೂರ್ತಿ ನೆನಪಿಲ್ಲ. ಆಧಾರ ಮಾಲತಿಯ ಮಾತು. ಅವಳು ಹೊಸಪೇಟೆಯ ಆ ವೈದ್ಯರನ್ನು ಕೇಳುವ ಗೋಜಿಗೆ ಹೋಗದೆ ಕಾರು ಮಾಡಿಕೊಂಡು ದೊಡ್ಡ ಆಸ್ಪತ್ರೆಗೆ ಕರೆದೊಯ್ದಳು. ಸ್ಕ್ಯಾನ್ ಕೋಣೆಯ ಹೊರಗಿನ ಬೆಂಚು, ನನ್ನ ಪಕ್ಕದಲ್ಲಿ ಮಗುವಿಗೆ ಬಿಸ್ಕತ್ತು ನೀರಲ್ಲಿ ಅದ್ದಿ ತಿನ್ನಿಸುತ್ತಿದ್ದ ಹೆಂಗಸು, ಇವಿಷ್ಟು ನನ್ನವೇ ನೆನಪುಗಳು. ಶಸ್ತ್ರವೈದ್ಯೆ ಚಿತ್ರವನ್ನು ಬೆಳಕಿಗೆ ಹಿಡಿದು ನನಗೇ ತೋರಿಸಿದರು. ತಲೆಯ ಬಲಕ್ಕೆ ಅರ್ಧಚಂದ್ರದ ನೆರಳು, ಎಡಕ್ಕೆ ಸರಿದ ಮಿದುಳು.

“ಸರ್, ಇದು ಮರೆವಿನ ರೋಗ ಅಲ್ಲ. ಇದನ್ನ ತೆಗೀಬಹುದು. ತಲೆಗೆ ಪೆಟ್ಟಾಗಿತ್ತಾ?”

ಎರಡು ತಿಂಗಳಲ್ಲಿ ನನ್ನನ್ನು ನೇರವಾಗಿ ನೋಡಿ ಕೇಳಿದ ಮೊದಲ ಪ್ರಶ್ನೆ ಅದು. ನಾನು ಅತ್ತೆನಂತೆ. ಇದಕ್ಕೂ ಆಧಾರ ಮಾಲತಿಯೇ.

ಶಸ್ತ್ರಚಿಕಿತ್ಸೆಗೆ ಮುನ್ನ ತಲೆ ಬೋಳಿಸಲು ಬಂದವನು ಶಿಖೆಯನ್ನು ಬೆರಳಲ್ಲಿ ಹಿಡಿದು, “ಇದನ್ನ ಏನ್ ಮಾಡ್ಲಿ ಸ್ವಾಮಿ?” ಎಂದ. ತೆಗೆ ಎಂದೆ. ಅವನು ಅದನ್ನು ಕಸದ ಬುಟ್ಟಿಗೆ ಹಾಕದೆ ಕಾಗದದಲ್ಲಿ ಸುತ್ತಿ ಇಂದಿರಾಳ ಕೈಗೆ ಕೊಟ್ಟ. ಅಷ್ಟು ಮರ್ಯಾದೆಯನ್ನು ನಾನು ಆ ದಿನ ನಿರೀಕ್ಷಿಸಿರಲಿಲ್ಲ.

ಪಕ್ಕದ ಹಾಸಿಗೆಯಲ್ಲಿ ಸಂಡೂರಿನ ಬಸವರಾಜ ಎಂಬಾತ ಇದ್ದ. ಅದಿರು ಲಾರಿಯ ಚಾಲಕ. ಲಾರಿ ಮಗುಚಿ ತಲೆಗೆ ಹೊಲಿಗೆಗಳು ಬಿದ್ದಿದ್ದವು. ಎಷ್ಟು ತೊಳೆದರೂ ಅವನ ಕಿವಿಯ ಮಡಿಕೆಗಳಲ್ಲಿ ಗಣಿಯ ಕೆಂಪು ಹೋಗಿರಲಿಲ್ಲ. ನನಗೆ ಎಚ್ಚರವಾದ ಮರುದಿನ ಮಾತಿಗೆ ಶುರುಮಾಡಿದ.

“ಏನ್ ಪುಸ್ತಕ ಬರೀತೀರಂತಲ್ರಿ ಸರ, ಅಮ್ಮಾರು ಹೇಳಿದ್ರು.”

“ಕಮಾಂಡೋಗಳ ಇತಿಹಾಸ.”

“ತಲಿಗೆ ಬಟ್ಟಿ ಕಟ್ಟಿಗಂಡು ಒಬ್ಬನ ಐವತ್ತು ಮಂದೀನ ಹೊಡೀತಾನಲ್ರಿ, ಅವ್ನಾ?”

“ಅದು ಸಿನಿಮಾ. ಆ ಶಬ್ದ ದಕ್ಷಿಣ ಆಫ್ರಿಕಾದ ಬೋಯರ್ ಜನರದು. ಇಂಗ್ಲಿಷರ ವಿರುದ್ಧ ಕುದುರೆ ಮ್ಯಾಲ ಹೋರಾಡಿದ ರೈತರು ಅವರು.”

“ರೈತರಾ?” ಅವನು ನನ್ನ ಕಡೆ ಹೊರಳಿದ. “ಅಲ್ರಿ, ಯಾರು ಇವರಿಗೆ ಹೊಡದ್ರೋ ಅವ್ರ ಹೆಸ್ರ ಇವ್ರು ಇಟಗಂಡ್ರಾ? ಭಾಳ ಶಾಣ್ಯಾರ ಬಿಡ್ರಿ. ಈಗ ನೋಡ್ರಿ, ನಮ್ಮಿಬ್ರಿಗೂ ತಲಿಗೆ ಬಟ್ಟಿ ಕಟ್ಯಾರ. ಕನ್ನಡಿ ತರಿಸ್ಲೇನ್ರಿ?”

ಎಷ್ಟೋ ವಾರಗಳ ಮೇಲೆ ನಕ್ಕೆ. ಹೊಲಿಗೆ ಎಳೆಯಿತು.

ಬೆಳಿಗ್ಗೆ ವೈದ್ಯರ ತಂಡ ಬಂದು ದಿನಾಂಕ ಕೇಳುತ್ತಿತ್ತು. ಮೊದಲ ಎರಡು ದಿನ ನನಗೆ ಹೇಳಲಾಗಲಿಲ್ಲ. ದಿನಾಂಕಗಳಿಂದ ಜೀವನ ಕಟ್ಟಿದವನು ಗೋಡೆಯ ಕಡೆ ಮುಖ ತಿರುಗಿಸಿದೆ. ಕ್ಯಾಲೆಂಡರ್ ಇದ್ದದ್ದು ಬಸವರಾಜನ ಹಾಸಿಗೆಯ ಎದುರಿನ ಗೋಡೆಗೆ, ನನಗೆ ಕಾಣದು. ಮೂರನೆಯ ದಿನ ತಂಡ ಒಳಬರುತ್ತಿದ್ದಂತೆ ಅವನು ಹೊದಿಕೆಯ ಮೇಲೆ ಏಳು ಬೆರಳು ಚಾಚಿ ಕೆಮ್ಮಿದ. “ಏಳು, ನವೆಂಬರ್” ಎಂದೆ. ವೈದ್ಯೆ ಮೆಚ್ಚಿದರು. ಮರುದಿನ ಎಂಟು ಬೆರಳು. ಅದರ ಮರುದಿನ ಅವನು ಬೆರಳು ಚಾಚುವ ಮೊದಲೇ ಒಂಬತ್ತು ಎಂದು ನನಗೇ ಹೊಳೆಯಿತು. ನನ್ನ ಇಡೀ ವೃತ್ತಿಯಲ್ಲಿ ಪರಿಶೀಲಿಸದೆ ಸ್ವೀಕರಿಸಿದ ದಿನಾಂಕಗಳೆಂದರೆ ಆ ಎರಡೇ.

ನವೆಂಬರ್ ೧೧ರಂದು ಮನೆಗೆ ಬಂದೆ. ಕಾಲು ಸರಿಯಾಯಿತು. ಸಂವತ್ಸರದ ಹೆಸರು ಮರಳಿ ಬಂತು. ಜೊತೆಗೇ ಸಿಟ್ಟು ಬಂತು. ಒಂದು ಸ್ಕ್ಯಾನಿನಿಂದ ತಿಳಿಯಬಹುದಾಗಿದ್ದ ಸಂಗತಿಗಾಗಿ ನಾನು ಹತ್ತೊಂಬತ್ತು ದಿನ ನಿದ್ದೆಗುಳಿಗೆ ನುಂಗಿ ಮಂಕಾಗಿ ಕುಳಿತಿದ್ದೆ. ಇನ್ನೂ ಕೆಲವು ದಿನ ಹಾಗೇ ಬಿಟ್ಟಿದ್ದರೆ ಸತ್ತೇ ಹೋಗುತ್ತಿದ್ದೆ. ‘ವಯಸ್ಸಾಗಿತ್ತು’ ಎಂದು ಊರು ಹೇಳುತ್ತಿತ್ತು.

ಜನವರಿ ೭ರಂದು ದೂರಿನ ಕರಡನ್ನು ಇಂದಿರಾಳಿಗೆ ಓದಿ ಹೇಳಿದೆ. ‘ಪತ್ನಿಯೂ ಮೌನವಾಗಿದ್ದಳು’ ಎಂಬಲ್ಲಿಗೆ ಬಂದಾಗ ಅವಳು ಹೂಬತ್ತಿ ಹೊಸೆಯುವುದನ್ನು ನಿಲ್ಲಿಸಿದಳು.

“ನಾ ಹೇಳೀನ್ರಿ ಡಾಕ್ಟರಿಗೆ.”

“ಏನು?”

“ಹಂಪಿಯೊಳಗ ತಲಿಗೆ ಬಡಕೊಂಡು ಬಂದಾರ ಅಂತ.”

“ಅದನ್ನ ಹೇಳಿದವ ನಾನು. ನೀ ಸೆರಗು ಹಿಡಕೊಂಡು ಕೂತಿದ್ದಿ. ನನಗ ಸ್ಪಷ್ಟ ನೆನಪದ.”

“ನಿಮಗ ಅವತ್ತು ಯಾವ ಇಸವಿ ಅಂತ ನೆನಪಿರಲಿಲ್ಲ.”

“ಆಧಾರ ಕೊಡು.”

ಅವಳು ಹೊಸೆದ ಬತ್ತಿಗಳನ್ನು ಒಟ್ಟುಮಾಡಿ ತಟ್ಟೆಗೆ ಹಾಕಿದಳು. ನಲವತ್ತಮೂರು ವರ್ಷದ ಸಂಸಾರದಲ್ಲಿ ಅವಳು ದನಿ ಎತ್ತಿದ್ದು ಕಡಿಮೆ, ಅಂದೂ ಎತ್ತಲಿಲ್ಲ.

“ನನ್ನ ಕಡೆ ಎಲ್ಲಿ ಆಧಾರ ಇರ್ತದ್ರಿ. ಮುದ್ರಿ ಒತ್ತಿದ ಕಾಗದ ಇದ್ರಷ್ಟ ನಿಮ್ಮ ಮನ್ಯಾಗ ಮಾತು ನಡೀತದ. ಹನುಮಂತಪ್ಪಜ್ಜ ಪುಣ್ಯವಂತ, ನೀವು ಬರಿಯೂ ಮೊದಲ ಹ್ವಾದ. ನಾ ಮಾಲತಿ ಕಡೆ ಹೋಗ್ತೀನಿ. ಆಧಾರ ಸಿಕ್ಕ ದಿನ ತಿಳಸ್ರಿ.”

ಮರುದಿನ ಬೆಳಗಿನ ಬಸ್ಸಿಗೆ ಅವಳು ಕಂಪ್ಲಿಗೆ ಹೋದಳು. ಹೋಗುವ ಮುನ್ನ ಗುಳಿಗೆಗಳನ್ನು ಬೆಳಿಗ್ಗೆ, ರಾತ್ರಿ ಎಂದು ಎರಡು ಡಬ್ಬಿಗಳಲ್ಲಿ ವಿಂಗಡಿಸಿಟ್ಟಿದ್ದಳು. ಅದೇ ದಿನ, ಜನವರಿ ೮ರಂದು, ನಾನು ಹೊಸಪೇಟೆಯ ಆ ವೈದ್ಯರಿಗೆ ಅರ್ಜಿ ಕೊಟ್ಟೆ: ಅಕ್ಟೋಬರ್ ೧೬ರ ತಪಾಸಣೆಯ ಟಿಪ್ಪಣಿಯ ದೃಢೀಕೃತ ಪ್ರತಿ ಬೇಕು. ಅವರು ಕೊಡಲಿಲ್ಲ. ನೆನಪೋಲೆ ಬರೆದೆ. ಮತ್ತೊಂದು ಬರೆದೆ. ಕೊಡದಿರುವುದೇ ಅವರ ತಪ್ಪೊಪ್ಪಿಗೆ. ಪೆಟ್ಟಿನ ಮಾತನ್ನು ಬರೆದುಕೊಂಡಿದ್ದರೆ ತಾನೆ ಕೊಡುವುದು. ಇಂದಿರಾಳ ಬಗ್ಗೆ ನನಗೆ ಕನಿಕರವಿದೆ. ಹೆದರಿ ಸುಮ್ಮನಿದ್ದವರು ಆಮೇಲೆ ತಾವು ಮಾತಾಡಿದ್ದೆವೆಂದು ನಂಬಿಕೊಳ್ಳುವುದು ಮೌಖಿಕ ಇತಿಹಾಸದಲ್ಲಿ ಸಾಮಾನ್ಯ. ಅದು ಸುಳ್ಳಲ್ಲ. ಅದಕ್ಕೆ ಬೆಂಬಲವಿಲ್ಲ, ಅಷ್ಟೆ.

ಇಲ್ಲಿಯವರೆಗಿನ ಬರಹವನ್ನು ಮುಗಿಸಿದ್ದು ೨೦೨೪ರ ಫೆಬ್ರವರಿ ೧೫ರಂದು. ಅದರಲ್ಲಿ ಒಂದು ಅಕ್ಷರವನ್ನೂ ಬದಲಿಸಿಲ್ಲ. ಬದಲಿಸುವುದು ಪದ್ಧತಿಯಲ್ಲ. ಕೆಳಗಿನದನ್ನು ಸೇರಿಸುತ್ತಿದ್ದೇನೆ.

ಫೆಬ್ರವರಿ ೧೯, ಸೋಮವಾರ, ರಿಜಿಸ್ಟರ್ಡ್ ಅಂಚೆಯಲ್ಲಿ ಆ ಪ್ರತಿ ಬಂತು. ಒಂದೇ ಪುಟ. ದಿನಾಂಕ ೧೬-೧೦-೨೦೨೩. ಇಂಗ್ಲಿಷಿನಲ್ಲಿದೆ, ಅನುವಾದ ನನ್ನದು. ‘ಐದು ವಾರಗಳ ಹಿಂದೆ ಹಂಪಿಯಲ್ಲಿ ತಲೆಗೆ ಪೆಟ್ಟಾಗಿದೆ ಎಂದು ಪತ್ನಿ ಹೇಳುತ್ತಾರೆ. ಎರಡು ಬಾರಿ ಹೇಳಿದರು. ರೋಗಿ ಇದನ್ನು ನಿರಾಕರಿಸುತ್ತಾರೆ. ಪತ್ನಿ ಸ್ಥಳದಲ್ಲಿರಲಿಲ್ಲ, ಪ್ರತ್ಯಕ್ಷದರ್ಶಿಯಲ್ಲ, ಆದ್ದರಿಂದ ಅವರ ಹೇಳಿಕೆಯನ್ನು ದಾಖಲಿಸಕೂಡದು ಎನ್ನುತ್ತಾರೆ. ಸಿ.ಟಿ. ಸ್ಕ್ಯಾನ್‌ಗೆ ಸಲಹೆ ನೀಡಲಾಯಿತು. ರೋಗಿ ಒಪ್ಪಲಿಲ್ಲ.’ ಕೆಳಗೆ ಒಪ್ಪಲಿಲ್ಲವೆಂಬುದಕ್ಕೆ ರೋಗಿಯ ಸಹಿ.

ಸಹಿಯನ್ನು ನನ್ನ ಪಿಂಚಣಿ ಪುಸ್ತಕದ ಸಹಿಯೊಂದಿಗೆ ಭೂತಗನ್ನಡಿಯಲ್ಲಿ ಹೋಲಿಸಿದೆ. ಆಮೇಲೆ ಕಂಪ್ಲಿಗೆ ಫೋನು ಮಾಡಿ ಇಂದಿರಾಳಿಗೆ ಪುಟವನ್ನು ಓದಿ ಹೇಳಿದೆ.

“ಇನ್ನೊಮ್ಮೆ ಓದ್ರಿ” ಎಂದಳು.

ಓದಿದೆ.

“ಎರಡು ಸಲ ಹೇಳೀನಿ ಅಂತ ಬರದಾರೇನು?”

“ಬರದಾರ.”

“ಮೂರು ಸಲ ಹೇಳೀನಿ. ಇರಲಿ. ಸಹಿ ಯಾರದು?”

“ನಂದು.”

ಆ ಕಡೆ ಮಾಲತಿಯ ಮನೆಯ ಮಿಕ್ಸಿಯ ಸದ್ದು ಬಂದು ನಿಂತಿತು.

“ಕಾಗದ ತಗೊಂಡು ನೀವ ಬರ್ರಿ” ಎಂದಳು. “ನಾ ಅಲ್ಲಿಗೆ ಬರಂಗಿಲ್ಲ.”

ದೂರನ್ನು ಕಳಿಸಿಲ್ಲ. ಕಂಪ್ಲಿಗೆ ನಾಳೆ ಹೊರಡುತ್ತೇನೆ. ಮೇಲಿನ ಬರಹದಲ್ಲಿ ಪೆಟ್ಟಿನ ವಿಷಯವನ್ನು ನಾನು ಹೇಳಿದೆನೆಂದೂ ಇಂದಿರಾ ಮೌನವಾಗಿದ್ದಳೆಂದೂ ಎಲ್ಲೆಲ್ಲಿ ಇದೆಯೋ ಅಲ್ಲೆಲ್ಲ ಈ ದಾಖಲೆ ಅದಕ್ಕೆ ವಿರುದ್ಧವಾಗಿದೆಯೆಂದು ಓದುಗರು ಗಮನಿಸಬೇಕು. ದಾಖಲೆ ಸಮಕಾಲೀನವಾದದ್ದು, ಸಹಿಯುಳ್ಳದ್ದು. ನನ್ನ ನೆನಪು ಮಾತ್ರ ಬದಲಾಗಿಲ್ಲ. ಅದರಲ್ಲಿ ಅವಳು ಇನ್ನೂ ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತ ಸುಮ್ಮನೆ ಕುಳಿತಿದ್ದಾಳೆ.